ಕೊಬ್ಬಿನ ಪಾಲು

ತೂಗುವುದರಲ್ಲಿ ಅವನಿಗೆ ತೊಂದರೆಯಾಗಲಿಲ್ಲ. ಬೆಳಿಗ್ಗೆ ಏಳು ಗಂಟೆಗೇ ಊಟದ ಮೇಜಿನ ಮೇಲೆ ಅಡುಗೆಮನೆಯ ಪುಟ್ಟ ತಕ್ಕಡಿಯನ್ನಿಟ್ಟು, ಅದರ ಕಾಲು ಅಲ್ಲಾಡದಂತೆ ಕೆಳಗೊಂದು ಮಡಿಸಿದ ಕಾಗದ ಸೇರಿಸಿ, ಎರಡು ಹೋಳು ಬ್ರೆಡ್ಡು, ಒಂದು ಬೇಯಿಸಿದ ಮೊಟ್ಟೆ, ಹೆಬ್ಬೆರಳಿನ ಉಗುರಿನಷ್ಟು ಬೆಣ್ಣೆ, ಒಂದು ಲೋಟ ಹಾಲು ಎಲ್ಲವನ್ನೂ ಒಂದೊಂದಾಗಿ ತೂಗಿ ಬರೆದುಕೊಂಡ. ಒಟ್ಟು ಮುನ್ನೂರ ಹದಿನೈದು ಗ್ರಾಂ. ಆಸ್ಪತ್ರೆಯವರು ಕೊಟ್ಟಿದ್ದ ಹಳದಿ ಹಾಳೆಯ ಹಿಂಬದಿಯಲ್ಲಿ ಯಾವ ಪದಾರ್ಥದಲ್ಲಿ ಎಷ್ಟು ಕೊಬ್ಬು, ಎಷ್ಟು ಕ್ಯಾಲೊರಿ ಎಂಬ ಪಟ್ಟಿಯಿತ್ತು. ಕೊಬ್ಬು ಕೂಡಿಸಿದರೆ ಹದಿನೆಂಟು ಗ್ರಾಂ. ಕೊನೆಯ ಕಾಲಮ್ಮಿನಲ್ಲಿ, 'ಕೊಬ್ಬಿನಿಂದ ಬಂದ ಶಕ್ತಿ ಶೇಕಡಾ ಎಷ್ಟು?' ಎಂದಿತ್ತು. ಅವನು ಹದಿನೆಂಟನ್ನು ಮುನ್ನೂರ ಹದಿನೈದರಿಂದ ಭಾಗಿಸಿ, ಆರು ಎಂದು ಬರೆದ. ಮೂವತ್ತು ದಾಟಬಾರದು ಎಂದಿದ್ದರು, ತನ್ನದು ಬರೀ ಆರು. ಒಂದು ಗಳಿಗೆ ಖುಷಿಯಾಯಿತು. ಯಾರಿಗಾದರೂ ಹೇಳಬೇಕೆನಿಸಿ ತಲೆಯೆತ್ತಿದ. ಎದುರಿನ ಕುರ್ಚಿಯ ಬೆನ್ನಿಗೆ ಅವನೇ ನಿನ್ನೆ ಒಣಗಲು ಹಾಕಿದ್ದ ಟವೆಲ್ಲಿತ್ತು. ಅದರ ಪಕ್ಕದಲ್ಲಿ, ಒಬ್ಬನೇ ತಿಂದು ಮುಗಿಸಲಾಗದೆ ಅರ್ಧಕ್ಕೇ ಬೂಷ್ಟು ಹಿಡಿದಿದ್ದ ಬ್ರೆಡ್ಡಿನ ಪೊಟ್ಟಣ. ತಿಂಗಳಿಗೆ ನಾಲ್ಕು ಪೊಟ್ಟಣ ಹೀಗೇ ಕಸಕ್ಕೆ ಹೋಗುತ್ತಿದ್ದವು. ಅರ್ಧ ಪೊಟ್ಟಣ ಕೊಡಿ ಎಂದು ಅಂಗಡಿಯಲ್ಲಿ ಕೇಳಲು ಒಬ್ಬನೇ ಇರುವ ಈ ಏಳು ತಿಂಗಳಲ್ಲಿ ಅವನಿಗೆ ಬಾಯೇ ಬಂದಿರಲಿಲ್ಲ.

ತೂಕ ಮತ್ತು ಅಳತೆ ಇಲಾಖೆಯಲ್ಲಿ ಇಪ್ಪತ್ತೆಂಟು ವರ್ಷ ಕಳೆದವನು ಅವನು. ಪೇಟೆಯವರಿಗೆಲ್ಲ ತಕ್ಕಡಿ ಸಾಹೇಬ್ರು. ಮಖಮಲ್ಲಿನ ಗೂಡುಗಳಿರುವ ಪೆಟ್ಟಿಗೆಯಲ್ಲಿ ಹಿತ್ತಾಳೆಯ ತೂಕದ ಬೊಟ್ಟುಗಳನ್ನಿಟ್ಟುಕೊಂಡು ಅಂಗಡಿಯಿಂದ ಅಂಗಡಿಗೆ ಹೋಗಿ, ತಟ್ಟೆಯ ಅಡಿಗೆ ಹುಣಸೆಹಣ್ಣೋ ಅಯಸ್ಕಾಂತವೋ ಅಂಟಿಸಿದ್ದಾರೆಯೇ ಎಂದು ಬೆರಳಾಡಿಸಿ ನೋಡಿ, ಸರಿಯಿದ್ದರೆ ಸೀಸದ ಮುದ್ರೆ ಒತ್ತಿ ಬರುವ ಕೆಲಸ. ತೂಕಕ್ಕೆ ಸಂಬಂಧಪಟ್ಟ ಯಾವುದನ್ನೂ ಯಾರೂ ತನಗೆ ಹೇಳಿಕೊಡಬೇಕಾಗಿಲ್ಲ ಎಂದೇ ಅವನು ನಂಬಿದ್ದ. ಆದ್ದರಿಂದಲೇ ಆರು ಎಂದು ಬರೆದ ಮೇಲೂ ಪೆನ್ನನ್ನು ಕೆಳಗಿಡಲಾಗದೆ ಕೂತಾಗ, ಎಲ್ಲೋ ಏನೋ ಕಚ್ಚುತ್ತಿದೆ ಎನಿಸಿದಾಗ ಕಿರಿಕಿರಿಯಾಯಿತು. ಹಾಲಿನ ಪೊಟ್ಟಣ. ಎರಡು ವರ್ಷದ ಹಿಂದೆ ಇದೇ ಮೇಜಿನ ಹತ್ತಿರ ನಿಂತು, ಪೊಟ್ಟಣದ ಮೇಲೆ ಮೂರೂವರೆ ಪರ್ಸೆಂಟು ಕೊಬ್ಬು ಅಂತ ಅಚ್ಚಾಗಿದೆ, ನೀನೇಕೆ ನನ್ನ ಹಾಲಿಗೆ ಕತ್ತರಿ ಹಾಕ್ತೀಯ ಎಂದು ಅವನು ದಬಾಯಿಸಿದ್ದ. ಹೆಂಡತಿ ಒದ್ದೆ ಕೈಯನ್ನು ಸೆರಗಿಗೆ ಒರೆಸಿಕೊಳ್ಳುತ್ತ ಬಂದು ಪೊಟ್ಟಣವನ್ನು ಕೈಗೆ ತೆಗೆದುಕೊಂಡಿದ್ದಳು. "ಅದು ತೂಕದ ಲೆಕ್ಕ ರೀ. ನೂರು ಗ್ರಾಂ ಹಾಲಲ್ಲಿ ಮೂರೂವರೆ ಗ್ರಾಂ ಕೊಬ್ಬು ಅಂತ. ಮಿಕ್ಕಿದ್ದರಲ್ಲಿ ಮುಕ್ಕಾಲು ಪಾಲಿಗಿಂತ ಜಾಸ್ತಿ ನೀರು. ನೀರಿಗೆ ತೂಕ ಇದೆ, ಶಕ್ತಿ ಎಲ್ಲಿದೆ? ಒಂದು ಗ್ರಾಂ ಕೊಬ್ಬು ಅಂದ್ರೆ ಒಂಬತ್ತು ಕ್ಯಾಲೊರಿ. ಸಕ್ಕರೆ, ಹಿಟ್ಟು ಎಲ್ಲಾ ಗ್ರಾಮಿಗೆ ನಾಲ್ಕೇ. ನಿಮ್ಮ ಲೋಟದಲ್ಲಿ ಏಳು ಗ್ರಾಂ ಕೊಬ್ಬು. ಏಳೊಂಬತ್ಲ ಅರವತ್ಮೂರು. ಇಡೀ ಲೋಟಕ್ಕೆ ನೂರಾ ಮೂವತ್ತು ಕ್ಯಾಲೊರಿ. ಹೆಚ್ಚುಕಮ್ಮಿ ಅರ್ಧ ಆಯ್ತಲ್ಲ?" ಅವನು ನಕ್ಕಿದ್ದ. "ಹತ್ತನೇ ಕ್ಲಾಸಿನ ಗಣಿತಾನ ಎರಡು ಸಲ ಬರೆದವಳು ನನಗೆ ತೂಕ ಹೇಳಿಕೊಡ್ತೀಯಾ?" ಎಂದು ಕೇಳಿ, ಶೂ ಹಾಕಿಕೊಂಡು ಹೋಗಿದ್ದ. ಹೋಗುವಾಗ ಕಿಟಕಿಯಿಂದ ಕಂಡಿತ್ತು: ಅವಳು ಬೆರಳು ಮಡಿಸುತ್ತ ಲೆಕ್ಕವನ್ನು ಮತ್ತೊಮ್ಮೆ ಮಾಡುತ್ತಿದ್ದಳು.

ಅವನು ಆರನ್ನು ಹೊಡೆದುಹಾಕಿದ. ಒಂಬತ್ತು ಹದಿನೆಂಟ್ಲ ನೂರ ಅರವತ್ತೆರಡು. ಅದನ್ನು ಯಾವುದರಿಂದ ಭಾಗಿಸಬೇಕು ಎಂಬಲ್ಲಿಗೆ ಬಂದು ಮತ್ತೆ ನಿಂತುಬಿಟ್ಟ. ಊಟದ್ದರಿಂದಲೋ, ದಿನದ್ದರಿಂದಲೋ, ತನ್ನ ತೂಕದಿಂದಲೋ? ಹನ್ನೊಂದು ಗಂಟೆಗೆ ಆಸ್ಪತ್ರೆಯಲ್ಲಿ ಇರಬೇಕು, ಮೂರು ದಿನದ ಲೆಕ್ಕ ತುಂಬಿಸಿಕೊಂಡು. ಅದಕ್ಕೇ ಇವತ್ತು ರಜೆ ಹಾಕಿದ್ದ. ಕೊನೆಗೆ ಎದ್ದು ಅಡುಗೆಮನೆಗೆ ಹೋಗಿ, ಒಲೆಯ ಪಕ್ಕದ ಮೂರನೆಯ ಸೆಳೆಖಾನೆ ಎಳೆದ. ಅವಳ ಲೆಕ್ಕದ ಪುಸ್ತಕಗಳು ಅಲ್ಲಿರುತ್ತವೆ ಎಂದು ಅವನಿಗೆ ಗೊತ್ತಿತ್ತು. ಏಳು ತಿಂಗಳಿಂದ ಆ ಸೆಳೆಖಾನೆಯನ್ನು ಅವನು ತೆರೆದಿರಲಿಲ್ಲ, ಕೈಯೊರೆಸುವ ಬಟ್ಟೆ ಬೇಕಾದಾಗಲೂ ಹೊಸದನ್ನು ಕೊಂಡು ತಂದಿದ್ದ. ಬಟ್ಟೆಗಳ ಕೆಳಗೆ ನಾಲ್ಕು ಉದ್ದನೆಯ ನೋಟ್‌ಬುಕ್ಕುಗಳು. ಒಂದೊಂದಕ್ಕೂ ಹಳೆಯ ಕ್ಯಾಲೆಂಡರಿನ ಹಾಳೆಯ ರಟ್ಟು. ಅವನಿಗೆ ಮೊದಲ ಸಲ ಎದೆನೋವು ಬಂದು ಆಸ್ಪತ್ರೆಯಲ್ಲಿ ಮೂರು ದಿನ ಮಲಗಿ ಎದ್ದ ಮೇಲೆ ಅವಳು ಶುರುಮಾಡಿದ್ದು. ದಿನಕ್ಕೊಂದು ಪುಟ. ಎಡಗಡೆ ಪದಾರ್ಥ, ಅದರ ಪಕ್ಕ ತೂಕ, ಕ್ಯಾಲೊರಿ, ಕೊಬ್ಬು. ಕೆಳಗೆ ಎರಡು ಗೆರೆ ಎಳೆದು, ಕೊಬ್ಬಿನ ಮೊತ್ತವನ್ನು ಒಂಬತ್ತರಿಂದ ಗುಣಿಸಿ, ಬಂದದ್ದನ್ನು ಆ ದಿನದ ಒಟ್ಟು ಕ್ಯಾಲೊರಿಯಿಂದ ಭಾಗಿಸಿ, ನೂರರಿಂದ ಗುಣಿಸಿ, ಉತ್ತರಕ್ಕೆ ಒಂದು ಸಣ್ಣ ಚೌಕ. ಅಷ್ಟೆ. ಯಾವ ಪುಟ ನೋಡಿದರೂ ಕಲಿತುಬಿಡಬಹುದಾಗಿತ್ತು. ಮೇಜಿಗೆ ಬಂದು ತನ್ನ ಬೆಳಗಿನದನ್ನು ಅದೇ ರೀತಿ ಮಾಡಿದ. ಕ್ಯಾಲೊರಿ ನಾನೂರ ಒಂದು, ಅದರಲ್ಲಿ ನೂರ ಅರವತ್ತೆರಡು ಕೊಬ್ಬಿನದು. ನಲವತ್ತು. ಆರಲ್ಲ, ನಲವತ್ತು. ಪೇಟೆಯಲ್ಲಿ ಯಾವನಾದರೂ ವರ್ತಕ ನಲವತ್ತಿರುವಲ್ಲಿ ಆರು ತೋರಿಸಿದ್ದರೆ ಅವನ ತಕ್ಕಡಿಯನ್ನು ಹೊತ್ತು ತರುತ್ತಿದ್ದ.

ಹಿಂದಿನೆರಡು ದಿನ ತೂಗಿ ಬರೆದಿಟ್ಟಿದ್ದನ್ನೂ ಹೀಗೇ ಭಾಗಿಸಿ ಹಾಳೆ ತುಂಬಿಸಿ ಮುಗಿಸಿದ. ಪುಸ್ತಕಗಳನ್ನು ಒಳಗಿಡಬಹುದಿತ್ತು. ಇಡದೆ ಓದುತ್ತ ಕೂತ. ಓದುತ್ತಿಲ್ಲ, ಹುಡುಕುತ್ತಿದ್ದೇನೆ ಎಂದು ಸ್ವಲ್ಪ ಹೊತ್ತಿನ ಮೇಲೆ ಗೊತ್ತಾಯಿತು. ಒಂದು ತಪ್ಪು ಸಿಗಬೇಕಾಗಿತ್ತು ಅವನಿಗೆ. ಎಲ್ಲಾದರೂ ಅವಳು ಕೂಡುವಾಗ ದಶಕ ಸೇರಿಸಲು ಮರೆತಿರಬೇಕು, ಒಂದು ಚಮಚ ಎಣ್ಣೆ ಬರೆಯದೆ ಬಿಟ್ಟಿರಬೇಕು, ಮೊಟ್ಟೆಯ ಹಳದಿಯನ್ನು ಬಿಳಿಯ ಲೆಕ್ಕಕ್ಕೆ ಹಾಕಿರಬೇಕು. ಕ್ಯಾಲ್ಕುಲೇಟರ್ ತಂದುಕೊಂಡು, ಅಂಗಡಿಯವರ ಎದುರು ಕೂತಾಗಿನ ಅದೇ ಬಿಗಿದ ಮುಖದಲ್ಲಿ ಪುಟದ ಮೇಲೆ ಪುಟ ತಾಳೆ ನೋಡಿದ. ಇಪ್ಪತ್ತಾರು. ಇಪ್ಪತ್ನಾಲ್ಕು. ಎಲ್ಲ ಸರಿಯಿದ್ದವು. ಪುಟ ತಿರುವಿದಂತೆ ಚೌಕದೊಳಗಿನ ಸಂಖ್ಯೆ ಇಳಿಯುತ್ತ ಹೋಗಿತ್ತು. ಇಪ್ಪತ್ತೆರಡು, ಇಪ್ಪತ್ತು, ಹತ್ತೊಂಬತ್ತು. ಆರು ತಿಂಗಳಿಗೊಮ್ಮೆ ಅವನ ರಕ್ತದ ವರದಿಯಲ್ಲಿ ಕೊಲೆಸ್ಟರಾಲ್ ಇದ್ದಲ್ಲೇ ಇರುತ್ತಿತ್ತು. ಆ ವರದಿಯ ಸಂಖ್ಯೆಯನ್ನೂ ಅವಳು ಪುಟದ ಮೂಲೆಯಲ್ಲಿ ಬರೆದಿದ್ದಳು, ಪಕ್ಕದಲ್ಲಿ ಒಂದು ಪ್ರಶ್ನಾರ್ಥಕ ಚಿಹ್ನೆ. ಆಮೇಲೆ ಕೆಂಪು ಶಾಯಿಯಲ್ಲಿ ಅಲ್ಲಲ್ಲಿ ತನಗೆ ತಾನೇ ಕೇಳಿಕೊಂಡಂತೆ ಸಣ್ಣ ಸಾಲುಗಳು ಶುರುವಾಗುತ್ತಿದ್ದವು. 'ಚಮಚದ ಹಿಂಬದಿಗೆ ಅಂಟಿದ್ದು?' 'ಬ್ರೆಡ್ಡಿನ ಅಂಗಡಿಯವನು ಅಚ್ಚಿಗೆ ಎಣ್ಣೆ ಸವರುತ್ತಾನಾ, ಕೇಳಬೇಕು.' 'ಕೇಳಿದೆ, ಸವರುತ್ತಾನಂತೆ. ಬ್ರೆಡ್ಡು ನಿಲ್ಲಿಸಿದೆ.' ಮೂರನೆಯ ಪುಸ್ತಕದ ನಡುವೆ ಒಂದು ಪುಟದಲ್ಲಿ ಮಾತ್ರ ಪದಾರ್ಥಗಳೆಲ್ಲ ಇದ್ದು, ಕೂಡಿಸದೆ, ಗುಣಿಸದೆ, ಚೌಕ ಹಾಕದೆ ಬಿಟ್ಟು, ಕೆಳಗೆ 'ನನ್ನ ತಪ್ಪು ಎಲ್ಲಿ' ಎಂದಷ್ಟೇ ಬರೆದಿದ್ದಳು. ತಾರೀಖು ನೋಡಿದ. ನೋಡದಿದ್ದರೂ ಅವನಿಗೆ ಗೊತ್ತಿತ್ತು.

ಅವತ್ತು ಆಸ್ಪತ್ರೆಯ ಪಥ್ಯದ ಮೇಡಂ ಕೋಣೆಯಲ್ಲಿ ಫ್ಯಾನು ತಿರುಗುತ್ತಿರಲಿಲ್ಲ. ಪಥ್ಯದ ಮೇಡಂ ಎಂದರೆ ಮೂವತ್ತು ದಾಟದ ಹೆಂಗಸು, ಕನ್ನಡಕ ತಲೆಯ ಮೇಲೆ, ಕೈಯಲ್ಲಿ ಅವನ ಹೊಸ ವರದಿ. ಹೆಂಡತಿ ಪುಸ್ತಕ ತೆರೆದು ಮುಂದಿಟ್ಟಳು. ಆಕೆ ಎರಡು ಪುಟ ನೋಡಿ, ವರದಿ ನೋಡಿ, ಪುಸ್ತಕವನ್ನು ಮೆಲ್ಲಗೆ ಮುಚ್ಚಿದಳು. "ಅಮ್ಮಾ, ಪುಸ್ತಕಕ್ಕೆ ಬರೆಯೋದು ಒಂದು, ಬಾಣಲೆಗೆ ಸುರಿಯೋದು ಇನ್ನೊಂದು ಆದ್ರೆ ನಾವೇನು ಮಾಡೋಕಾಗತ್ತೆ ಹೇಳಿ? ಹತ್ತೊಂಬತ್ತು ಪರ್ಸೆಂಟ್ ತಿನ್ನೋರ ರಕ್ತ ಹೀಗಿರಲ್ಲ. ನನ್ನನ್ನ ಮೆಚ್ಚಿಸೋಕೆ ಬರೀಬೇಡಿ." ಹೆಂಡತಿಯ ಕಿವಿಯ ತುದಿ ಕೆಂಪಾಯಿತು. ಅವಳು ಅವನ ಕಡೆ ತಿರುಗಿದಳು, ನೀವಾದರೂ ಹೇಳಿ ಎನ್ನುವ ಹಾಗೆ. ದಿನವೂ ಮೂರು ಹೊತ್ತು ಅವಳು ತೂಗಿ ಬಡಿಸುವುದನ್ನು ನೋಡಿದವನು ಲೋಕದಲ್ಲಿ ಅವನೊಬ್ಬನೇ. ಅವನ ಅಂಗಿಯ ಜೇಬಿನಲ್ಲಿ ಆಗ, ಪೇಟೆಯ ಕರಿದ ತಿಂಡಿಯ ಅಂಗಡಿಯ ಕಾಗದ ಮಡಿಸಿಟ್ಟಿದ್ದು, ಎಣ್ಣೆ ಜಿನುಗಿ ಬಟ್ಟೆಯ ಮೇಲೆ ಚುಕ್ಕೆಯಾಗುತ್ತಿದೆಯೇನೋ ಎಂದು ಅವನು ಕೈ ಅಡ್ಡ ಹಿಡಿದು ಕೂತಿದ್ದ. ಗೋಡೆಯ ಮೇಲೆ ಸೀಳಿದ ಮೊಟ್ಟೆಯ ಚಿತ್ರವಿತ್ತು. ಅದನ್ನು ನೋಡಿದ. ಸುಮ್ಮನಿದ್ದಿದ್ದರೂ ಆಗುತ್ತಿತ್ತು. ಆದರೆ ಅವನು ನಕ್ಕ. ಗಂಡಸರು ಹೆಂಡತಿಯ ಅಡುಗೆಯ ಬಗ್ಗೆ ಪರರೆದುರು ನಗುತ್ತಾರಲ್ಲ, ಆ ನಗು. "ಅವಳ ಕೈ ಸ್ವಲ್ಪ ಧಾರಾಳ, ಮೇಡಂ" ಎಂದ. ಮೇಡಂ ಕೂಡ ನಕ್ಕಳು. ವಾಪಸು ಬರುವಾಗ ಬಸ್ಸಿನಲ್ಲಿ ಹೆಂಡತಿ ಪುಸ್ತಕವನ್ನು ಎದೆಗೆ ಒತ್ತಿಕೊಂಡು, ಕಿಟಕಿಯ ಹೊರಗೆ ನೋಡುತ್ತ, ಒಂದೇ ಒಂದು ಸಲ ಕೇಳಿದಳು: "ನನ್ನ ಕೈ ಧಾರಾಳಾನಾ?" "ಸುಮ್ಮನೆ ತಮಾಷೆಗೆ ಅಂದೆ ಕಣೆ." ಅವಳು ಮತ್ತೆ ಆ ಮಾತೆತ್ತಲಿಲ್ಲ.

ಮರುದಿನದಿಂದ ಅವಳು ಬಾಣಲೆಯನ್ನು ತೂಗತೊಡಗಿದಳು. ಒಲೆಗೆ ಇಡುವ ಮುಂಚೆ ಒಂದು ಸಲ, ಬಡಿಸಿದ ಮೇಲೆ ಒಂದು ಸಲ. ತಕ್ಕಡಿಯ ಮೇಲೆ ಬಗ್ಗಿ, ಉಸಿರು ಬಿಗಿಹಿಡಿದು, ಮುಳ್ಳು ನಿಲ್ಲುವವರೆಗೆ ಕಾಯುವಳು. ಅವನು ಅದನ್ನು ನೋಡುತ್ತಲೇ ಪೇಪರು ಓದುತ್ತಿದ್ದ. ನೋಡಿದಷ್ಟೂ ಅವನೊಳಗೆ ಕರುಣೆಯಲ್ಲ, ಸಿಟ್ಟು ಬರುತ್ತಿತ್ತು, ಅದೇ ಅವನಿಗೆ ಇವತ್ತಿಗೂ ಅರ್ಥವಾಗದ ವಿಷಯ. ಅವಳ ಎಚ್ಚರವೇ ತನ್ನನ್ನು ಅಂಗಡಿಗೆ ಅಟ್ಟುತ್ತಿದೆ ಎಂದು ವಾದ ಮಾಡಿಕೊಂಡು, ಹನ್ನೆರಡೂವರೆಗೆ ಡಬ್ಬಿಯಲ್ಲಿದ್ದ ಬೇಯಿಸಿದ ಹುರುಳಿಕಾಯಿ, ಅನ್ನ ತಿಂದು, ಮೂರಕ್ಕೆ ಪೇಟೆ ಸುತ್ತುವ ನೆಪದಲ್ಲಿ ಕರಿದ ಆಲೂಗಡ್ಡೆ ಚಿಪ್ಸು, ನಾಲ್ಕಕ್ಕೆ ಉಪ್ಪು ಹಾಕಿ ಹುರಿದ ಕಡಲೆಕಾಯಿ ಬೀಜ ತಿನ್ನುತ್ತಿದ್ದ. ಸಂಜೆ ಮನೆಗೆ ಬರುವ ಮುಂಚೆ ಕಚೇರಿಯ ನಲ್ಲಿಯಲ್ಲಿ ಬಾಯಿ ಮುಕ್ಕಳಿಸುತ್ತಿದ್ದ. ಅವಳು ಅವನಿಗೆ ಒಂದು, ತನಗೆ ಒಂದು ಎಂದು ಎರಡು ಅಡುಗೆ ಮಾಡುವವಳಲ್ಲ. ಅವನಿಗೆ ಏನು ಬಡಿಸುವಳೋ ಅದನ್ನೇ, ಅದಕ್ಕಿಂತ ಕಡಿಮೆ, ತಾನೂ ಉಣ್ಣುವಳು. ಶಾಲೆಯ ಮಕ್ಕಳ ಸಮವಸ್ತ್ರ ಹೊಲಿಯುವ ಕಾರ್ಖಾನೆಯಲ್ಲಿ ಎಂಟು ಗಂಟೆ ಮಿಷನ್ನಿನ ಮುಂದೆ ಕೂತು ಬಂದು, ರಾತ್ರಿ ಒಂದು ಕೊಬ್ಬಿಲ್ಲದ ಗಂಜಿ. ತನ್ನ ಬಟ್ಟೆಗಳನ್ನು ತಾನೇ ಒಂದೊಂದಾಗಿ ಬಿಗಿ ಹೊಲಿದುಕೊಳ್ಳುತ್ತಿದ್ದಳು. ಈ ವಯಸ್ಸಿನಲ್ಲಿ ಇವಳಿಗೇನು ಶೋಕಿ ಎಂದು ಅವನು ಅಂದುಕೊಂಡಿದ್ದ. ಒಂದು ಮಧ್ಯಾಹ್ನ ಕಾರ್ಖಾನೆಯ ಮೆಟ್ಟಿಲಿನ ಮೇಲೆ ಕಣ್ಣು ಕತ್ತಲಿಟ್ಟು ಬಿದ್ದಳು. ಮೊಣಕೈ ಮುರಿಯಿತು. ನೋಡಲು ಬಂದ ಅವಳ ಅಕ್ಕ, ಮಂಚದ ಪಕ್ಕ ನಿಂತು ತಂಗಿಯ ಕೊರಳ ಬುಡದಲ್ಲಿ ಎದ್ದು ಕಾಣುತ್ತಿದ್ದ ಮೂಳೆಯನ್ನು ದಿಟ್ಟಿಸಿ, ಅವನ ಕಡೆ ತಿರುಗದೆಯೇ, "ಹತ್ತು ದಿನ ನಮ್ಮನೇಲಿ ಇರ್ಲಿ" ಎಂದಳು. "ಆಗಲಿ ಅತ್ತಿಗೆ" ಎಂದು ಅವನು ಚೀಲ ಹೊತ್ತು ಬಸ್ಸು ಹತ್ತಿಸಿ ಬಂದ. ಹತ್ತು ದಿನ ಕಳೆದು, ತಿಂಗಳು ಕಳೆದು, ಈಗ ಏಳು ತಿಂಗಳು. ಜಗಳವಾಗಿರಲಿಲ್ಲ. ಪ್ರತಿ ಭಾನುವಾರ ಅವಳೇ ಫೋನ್ ಮಾಡುತ್ತಾಳೆ, ಊಟ ಆಯ್ತಾ, ಮಾತ್ರೆ ತಗೊಂಡ್ರಾ, ಆಗಲಿ, ಇಡ್ತೀನಿ.

ನಾಲ್ಕನೆಯ ಪುಸ್ತಕದ ಒಂದು ಮಂಗಳವಾರ. ಒಟ್ಟು ಸಾವಿರದ ಐನೂರು ಕ್ಯಾಲೊರಿ, ಕೊಬ್ಬು ಮೂವತ್ತು ಗ್ರಾಂ, ಚೌಕದಲ್ಲಿ ಹದಿನೆಂಟು. ಅವನು ಪೆನ್ನು ತೆಗೆದುಕೊಂಡು, ಅವಳು ಎರಡು ಗೆರೆ ಎಳೆದಿದ್ದ ಕೆಳಗೆ, ತನ್ನ ಕೈಬರಹದಲ್ಲಿ ಬರೆದ: ಕರಿದ ಆಲೂಗಡ್ಡೆ ಚಿಪ್ಸು, ನೂರು ಗ್ರಾಂ, ಕ್ಯಾಲೊರಿ ಐನೂರ ನಲವತ್ತು, ಕೊಬ್ಬು ಮೂವತ್ತೈದು. ಕಡಲೆಕಾಯಿ ಬೀಜ, ಐವತ್ತು ಗ್ರಾಂ, ಇನ್ನೂರ ತೊಂಬತ್ತು, ಕೊಬ್ಬು ಇಪ್ಪತ್ತೈದು. ಪರೀಕ್ಷೆ ಬರೆಯುವ ಮಗುವಿನಂತೆ ಮೊಣಕೈಯಿಂದ ಪುಟವನ್ನು ಮರೆಮಾಡಿಕೊಂಡಿದ್ದ, ಯಾರೂ ಇಲ್ಲದ ಮನೆಯಲ್ಲಿ. ಕೊಬ್ಬು ತೊಂಬತ್ತು ಗ್ರಾಂ, ಅಂದರೆ ಎಂಟುನೂರ ಹತ್ತು ಕ್ಯಾಲೊರಿ. ಒಟ್ಟು ಎರಡು ಸಾವಿರದ ಮುನ್ನೂರ ಮೂವತ್ತು. ಮೂವತ್ನಾಲ್ಕು ಮುಕ್ಕಾಲು. ಹದಿನೆಂಟಕ್ಕೆ ಹೆಚ್ಚುಕಡಿಮೆ ಇಮ್ಮಡಿ. ಹಾಗಾದರೆ ಅವಳು ಬಾಣಲೆ ತೂಗಿದ್ದು, ಬ್ರೆಡ್ಡು ನಿಲ್ಲಿಸಿದ್ದು, ಮೆಟ್ಟಿಲಿನ ಮೇಲೆ ಬಿದ್ದದ್ದು, ಎಲ್ಲ ಈ ಎರಡು ಸಾಲು ಈ ಪುಟದಲ್ಲಿ ಇಲ್ಲದ್ದಕ್ಕೆ. ಪುಸ್ತಕವನ್ನು ಚೀಲಕ್ಕೆ ಹಾಕಿಕೊಂಡು ಹೊರಟ. ಬಾಗಿಲಿಗೆ ಬೀಗ ಹಾಕಿ ಎರಡು ಸಲ ಎಳೆದು ನೋಡಿದ. ಪಥ್ಯದ ಮೇಡಂಗೆ ಎಲ್ಲವನ್ನೂ ಹೇಳಿಬಿಡಬೇಕು ಎಂದುಕೊಂಡ ಕೂಡಲೇ ಹೆಜ್ಜೆ ಹಗುರಾಯಿತು.

ಆಸ್ಪತ್ರೆಯ ಓಣಿಯಲ್ಲಿ ಜೋಡಿಗಳೇ ಕೂತಿದ್ದರು. ಗಂಡಂದಿರ ವರದಿಗಳು ಹೆಂಡತಿಯರ ಮಡಿಲಲ್ಲಿ. ಅವನ ಸರದಿ ಬಂದಾಗ ಮೇಡಂ ತಲೆಯೆತ್ತದೆ ಹಳದಿ ಹಾಳೆಗೆ ಕೈ ಚಾಚಿದಳು. ಅವನು ಅದರ ಬದಲು ಪುಸ್ತಕವನ್ನಿಟ್ಟ. ಬಸ್ಸಿನಲ್ಲಿ ಜೋಡಿಸಿಕೊಂಡು ಬಂದಿದ್ದ ಮಾತುಗಳು ಹಿಂದುಮುಂದಾಗಿ ಹೊರಬಂದವು. "ನನ್ನ ಹೆಂಡತಿ ಸುಳ್ಳು ಬರೆದಿರ್ಲಿಲ್ಲ ಮೇಡಂ. ನೀವು ಅವತ್ತು ಅವಳಿಗೆ ಅಂದ್ರಲ್ಲ... ತಿಂತಿದ್ದದ್ದು ನಾನು. ಹೊರಗಡೆ. ದಿನಾಲೂ."

"ಯಾವತ್ತು?" ಎಂದಳು ಮೇಡಂ.

"ಹೋದ ವರ್ಷ. ಮಾರ್ಚಿನಲ್ಲಿ. ಫ್ಯಾನು ಕೆಟ್ಟಿತ್ತು."

ಆಕೆ ಫ್ಯಾನಿನ ಕಡೆ ನೋಡಿದಳು, ಅವನ ಮುಖ ನೋಡಿದಳು, ಕಂಪ್ಯೂಟರಿನಲ್ಲಿ ಅವನ ಕಡತ ತೆರೆದು ಓದಿದಳು. "ನಿಮ್ಮ ಜೊತೆ ಬರ್ತಿದ್ರು ಅಂತ ಇಲ್ಲಿದೆ. ಸಾರಿ, ನನಗೆ ಮುಖ ನೆನಪಾಗ್ತಿಲ್ಲ. ನಾನೇನಾದ್ರೂ ಗಟ್ಟಿಯಾಗಿ ಅಂದಿದ್ನಾ?"

"ನನ್ನನ್ನ ಮೆಚ್ಚಿಸೋಕೆ ಬರೀಬೇಡಿ ಅಂದಿದ್ರಿ."

"ಅಯ್ಯೋ. ದಿನಕ್ಕೆ ನಲವತ್ತು ಜನ ಬರ್ತಾರೆ ಸರ್." ಅವಳ ದನಿಯಲ್ಲಿ ನಿಜವಾದ ಪಶ್ಚಾತ್ತಾಪವಿತ್ತು, ಅದಕ್ಕೆ ಹಿಡಿದುಕೊಳ್ಳಲು ಒಂದು ನೆನಪೂ ಇರಲಿಲ್ಲ, ಅಷ್ಟೆ. ಪುಸ್ತಕದ ಪುಟಗಳನ್ನು ತಿರುವುತ್ತ ಹೋದಂತೆ ಅವಳ ಬೆರಳು ನಿಧಾನವಾಯಿತು. "ಇದನ್ನ ಅವರೇ ಮಾಡಿದ್ದಾ? ನಮ್ಮಲ್ಲಿ ಟ್ರೇನಿಂಗಿಗೆ ಬರೋರೂ ಇಷ್ಟು ಶುದ್ಧವಾಗಿ ಬರೆಯಲ್ಲ. ಬೇಯಿಸಿದ್ದು, ಹಸೀದು ಬೇರೆ ಬೇರೆ ತೂಗಿದ್ದಾರೆ, ನೋಡಿ." ಅವನಿಗೆ ಹೆಮ್ಮೆ ಎನಿಸಿತು, ಆ ಹೆಮ್ಮೆಗೆ ತನಗೇನು ಹಕ್ಕಿದೆ ಎನಿಸಿ ಮುಖ ಬಿಸಿಯಾಯಿತು. "ಅವತ್ತು ನೀವು ಕೇಳಿದಾಗ ನಾನು ಅವಳ ಕೈ ಧಾರಾಳ ಅಂದೆ. ನಾನು ನಕ್ಕೆ. ನೀವೂ ನಕ್ಕಿರಿ" ಎಂದ. ಆಕೆ ನಕ್ಕಿದ್ದನ್ನಾದರೂ ನೆನಪಿಸಿಕೊಳ್ಳಲಿ ಎಂದು ಬೇಡುವವನಂತಿತ್ತು ಅವನ ದನಿ. ಎಷ್ಟು ದಿನ ಆ ಕೋಣೆಯನ್ನು ಹೊತ್ತು ತಿರುಗಿದ್ದ, ಮೂವರಿದ್ದ ಕೋಣೆಯಲ್ಲಿ ಒಬ್ಬರು ಇರಲೇ ಇಲ್ಲವೆಂದರೆ ಹೇಗೆ?

ಮೇಡಂ ಪುಸ್ತಕವನ್ನು ಮುಚ್ಚಿ ಎರಡೂ ಕೈಯಿಂದ ಅವನ ಕಡೆ ಸರಿಸಿದಳು. "ಸರ್, ಹೊರಗಡೆ ತಿನ್ನೋದನ್ನ ಮುಚ್ಚಿಡೋರು ತುಂಬಾ ಜನ. ನನಗೇನೂ ಬೇಜಾರಿಲ್ಲ. ಆದ್ರೆ ಇದನ್ನ ನನಗ್ಯಾಕೆ ಹೇಳ್ತಿದೀರಿ? ಅವರಿಗೆ ಹೇಳಿದ್ರಾ?" ಅವನು ಪುಸ್ತಕವನ್ನು ಚೀಲಕ್ಕೆ ಹಾಕಿಕೊಂಡ. ಆಕೆ ಹಳದಿ ಹಾಳೆಯ ಮೇಲೆ ಏನೋ ಗೀಚಿ, ಮುಂದಿನ ತಿಂಗಳ ತಾರೀಖು ಕೊಟ್ಟಳು. ಬಾಗಿಲಲ್ಲಿ ಮುಂದಿನ ಜೋಡಿ ಆಗಲೇ ನಿಂತಿತ್ತು.

ಕಾಲುಗಳು ಅವನನ್ನು ಕೇಳದೆಯೇ ಪೇಟೆಯ ದಾರಿ ಹಿಡಿದವು. ಕರಿದ ತಿಂಡಿಯ ಅಂಗಡಿಯವನು ದೂರದಿಂದಲೇ ಜಾಲರಿ ಸೌಟು ಎತ್ತಿ, "ಬನ್ನಿ ಸಾಹೇಬ್ರೇ, ಈಗ ತಾನೇ ತೆಗೆದೆ, ಗರಿಗರಿ ಅಂತಿದೆ!" ಎಂದು ಕೂಗಿದ. ಬೇಡ ಎನ್ನುವಷ್ಟರಲ್ಲಿ ಪೊಟ್ಟಣ ಕೈಗೆ ಬಂದಿತ್ತು. ಬಿಸಿ ಕಾಗದದ ಮೂಲಕ ಅಂಗೈಗೆ ಇಳಿಯಿತು, ಬಾಯಲ್ಲಿ ನೀರೂರಿತು, ಇಷ್ಟೆಲ್ಲ ಆದ ಮೇಲೂ ನೀರೂರುವ ಬಾಯಿಯ ಬಗ್ಗೆ ಅವನಿಗೆ ಅಸಹ್ಯವಾಯಿತು. ಆಗ ಅವನಿಗೆ ಒಂದು ಸಂಶಯ ಬಂತು. "ಇದೆಷ್ಟಿದೆ?"

"ನೂರು ಗ್ರಾಮಿನ ಪೊಟ್ಟಣ ಸಾಹೇಬ್ರೇ. ಎಲ್ರಿಗೂ ಅದೇ."

"ತೂಗು."

ಅಂಗಡಿಯವನ ಮುಖ ಬಿಳಿಚಿಕೊಂಡಿತು. ಪಕ್ಕದಲ್ಲಿ ನಿಂತಿದ್ದ ಇಬ್ಬರು ಗಿರಾಕಿಗಳು ಜಗಿಯುವುದನ್ನು ನಿಲ್ಲಿಸಿದರು. ಅವನೇ ಮುದ್ರೆ ಒತ್ತಿದ ತಕ್ಕಡಿ ಅದು. ಪೊಟ್ಟಣವಿಟ್ಟಾಗ ನೂರ ನಲವತ್ತು ತೋರಿಸಿತು. "ನಿಮಗೆ ಅಂತ ಒಂದು ಹಿಡಿ ಜಾಸ್ತಿ ಹಾಕ್ತೀನಿ" ಎಂದ ಅಂಗಡಿಯವನು, ಕಳ್ಳತನದಲ್ಲಿ ಸಿಕ್ಕಿಬಿದ್ದವನ ದನಿಯಲ್ಲಿ. "ಮೊದಲಿಂದಲೂ. ನೀವು ಬಂದು ಇಲ್ಲಿ ನಿಂತು ತಿಂದ್ರೆ ನಮಗೂ ಒಂದು ಮರ್ಯಾದೆ ಅಲ್ವಾ?" ಗಿರಾಕಿಗಳಲ್ಲೊಬ್ಬ ಕಿಸಕ್ಕೆಂದ. ಪರರ ತಕ್ಕಡಿಯಲ್ಲಿ ಐದು ಗ್ರಾಂ ಕಡಿಮೆಯಿದ್ದರೆ ಪೇಟೆಯೇ ಕೇಳುವಂತೆ ಗದರಿದ್ದವನು, ತನ್ನ ಕೈಯಲ್ಲಿ ದಿನವೂ ನಲವತ್ತು ಗ್ರಾಂ ಹೆಚ್ಚಿದ್ದದ್ದನ್ನು ಎರಡು ವರ್ಷ ತಿಳಿಯದೆ ಹೋಗಿದ್ದ. ಅಥವಾ ತಿಳಿಯಲು ಒಪ್ಪಿರಲಿಲ್ಲ. ಪೊಟ್ಟಣವನ್ನು ತಕ್ಕಡಿಯ ಮೇಲೆಯೇ ಬಿಟ್ಟು ನಡೆದ. ಹಿಂದಿನಿಂದ "ಸಾಹೇಬ್ರೇ, ಏನಾದ್ರೂ ತಪ್ಪಾಯ್ತಾ?" ಎಂಬ ಕೂಗು ಬೀದಿಯ ತಿರುವಿನವರೆಗೂ ಬಂತು.

ಅಂಚೆ ಕಚೇರಿಯ ಎದುರಿನ ಸಣ್ಣ ಉದ್ಯಾನದ ಬೆಂಚಿನ ಮೇಲೆ ಕೂತು, ಪುಸ್ತಕವನ್ನು ತೊಡೆಯ ಮೇಲಿಟ್ಟುಕೊಂಡು, ಮಂಗಳವಾರದ ಪುಟವನ್ನು ಮತ್ತೆ ತಿದ್ದಿದ. ಚಿಪ್ಸು ನೂರ ನಲವತ್ತು ಗ್ರಾಂ, ಕ್ಯಾಲೊರಿ ಏಳುನೂರ ಐವತ್ತಾರು, ಕೊಬ್ಬು ನಲವತ್ತೊಂಬತ್ತು. ಮೂವತ್ತೇಳಕ್ಕೆ ಕೂದಲೆಳೆಯಷ್ಟು ಕಡಿಮೆ ಬಂತು. ಗಂಟೆ ಒಂದಾಗುತ್ತಿತ್ತು. ಭಾನುವಾರವಲ್ಲದ ದಿನ ಫೋನ್ ಮಾಡಿದರೆ ಗಾಬರಿಯಾಗುತ್ತಾಳೆ ಎಂದು ಯೋಚಿಸುತ್ತಲೇ ಹೆಸರು ಒತ್ತಿದ.

"ಏನ್ರೀ? ಇವತ್ತು? ಹುಷಾರಾಗಿದೀರ ತಾನೆ?"

"ಹುಷಾರಾಗಿದೀನಿ. ನಿನ್ನ ಪುಸ್ತಕ ನೋಡ್ದೆ."

"ಯಾವ ಪುಸ್ತಕ?"

"ಕೊಬ್ಬಿನ ಲೆಕ್ಕದ್ದು." ಆಮೇಲೆ ನಿಲ್ಲಲಿಲ್ಲ. ಎದುರಿನ ಅಂಚೆ ಡಬ್ಬಿಯ ಕಡೆ ನೋಡುತ್ತ, ಕಚೇರಿಯಲ್ಲಿ ವರದಿ ಓದುವ ಹಾಗೆ, ಯಾವ ಅಂಗಡಿ, ಎಷ್ಟು ಗಂಟೆ, ಎಷ್ಟು ಗ್ರಾಂ, ಬಾಯಿ ಮುಕ್ಕಳಿಸಿದ್ದು, ಜೇಬಿನ ಕಾಗದ, ಎಲ್ಲವನ್ನೂ ಹೇಳಿದ. ಅವಳ ಹಿಂದೆ ಎಲ್ಲೋ ಪಾತ್ರೆಯ ಸದ್ದು.

"ಎಲ್ಲಾ ಸೇರಿಸಿದ್ರೆ ಎಷ್ಟು ಬಂತು?" ಎಂದಳು.

"ಮೂವತ್ತೇಳು. ಒಂಚೂರು ಕಮ್ಮಿ."

"ನಾನು ಬಾಣಲೆ ತೂಗ್ತಿದ್ದಾಗಲೂ ತಿಂತಿದ್ರಾ?"

"ಹೂಂ."

"ನಾನು ಮೆಟ್ಟಿಲ ಮೇಲೆ ಬಿದ್ದ ದಿನ?"

ನೆನಪಿಲ್ಲ ಎನ್ನಬಹುದಿತ್ತು. "ಅವತ್ತೂ. ಕಾರ್ಖಾನೆಯಿಂದ ಫೋನ್ ಬಂದಾಗ ಕೈ ಎಣ್ಣೆಯಾಗಿತ್ತು. ಒರೆಸ್ಕೊಂಡು ಎತ್ತಿದೆ."

ಕಡಿದುಹೋಯಿತೇನೋ ಎಂದು ಫೋನನ್ನು ಕಿವಿಯಿಂದ ತೆಗೆದು ನೋಡಿದ, ಸೆಕೆಂಡುಗಳು ಓಡುತ್ತಿದ್ದವು. "ನಿನ್ನ ಲೆಕ್ಕ ಒಂದೂ ತಪ್ಪಿಲ್ಲ ಕಣೆ" ಎಂದ. "ಇದ್ದಬದ್ದ ಪುಟ ಎಲ್ಲ ತಾಳೆ ನೋಡ್ದೆ. ಒಂದೂ ತಪ್ಪಿಲ್ಲ."

"ಅದು ನಂಗೊತ್ತಿತ್ತು" ಎಂದಳು. ದನಿ ಎತ್ತರಿಸಲಿಲ್ಲ. "ಲೆಕ್ಕ ಸರಿ ಇದೆ ಅಂತ ಗೊತ್ತಿತ್ತು. ಲೆಕ್ಕ ಸರಿ ಇದ್ರೆ ಮಿಕ್ಕಿದ್ದು ಏನು ಅಂತ ಯೋಚನೆ ಮಾಡ್ಬೇಕಾಗತ್ತಲ್ಲ. ಮಾಡಬಾರದು ಅಂತಲೇ ಬಾಣಲೆ ತೂಗಿದೆ. ನನ್ನ ಕೈದೇ ತಪ್ಪು ಅಂತ ಆದ್ರೆ ಸಾಕಾಗಿತ್ತು ನಂಗೆ."

ಅವನ ಬಾಯಿಂದ, ತಾನು ಹೇಳಬೇಕೆಂದುಕೊಂಡಿದ್ದ ಯಾವುದೂ ಅಲ್ಲದೆ, "ಬರ್ತೀಯಾ?" ಎಂದಷ್ಟೇ ಬಂತು.

"ಇಲ್ಲಿ ನಾನು ಏನನ್ನೂ ತೂಗಲ್ಲ ರೀ" ಎಂದಳು. "ಹಸಿವಾದಷ್ಟು ಉಣ್ತೀನಿ. ಅಕ್ಕ ಅನ್ನಕ್ಕೆ ಬೆಣ್ಣೆ ಹಾಕ್ತಾಳೆ, ಎಷ್ಟು ಅಂತ ನಾನು ನೋಡೋದೂ ಇಲ್ಲ." ಯಾರೋ, ಅತ್ತಿಗೆಯೇ ಇರಬೇಕು, "ಬಾರೇ, ಆರಿಹೋಗತ್ತೆ" ಎಂದು ಕೂಗಿದ್ದು ಕೇಳಿಸಿತು. "ಇಡ್ಲಾ? ಕಾಯ್ತಿದಾಳೆ."

"ಹೂಂ, ಉಣ್ಣು. ಉಣ್ಣು ಹೋಗು" ಎಂದ.

ಬರುವುದಿಲ್ಲ ಎಂದು ಅವಳು ಹೇಳಿರಲಿಲ್ಲ, ಬರುತ್ತೇನೆ ಎಂದೂ ಹೇಳಿರಲಿಲ್ಲ. ಅಂಚೆ ಕಚೇರಿಯಿಂದ ಜನ ಊಟಕ್ಕೆ ಹೊರಬರುತ್ತಿದ್ದರು, ಇಬ್ಬಿಬ್ಬರಾಗಿ, ಕೈಯಲ್ಲಿ ಡಬ್ಬಿ ಹಿಡಿದು, ಯಾರೋ ಹೇಳಿದ ಯಾವುದೋ ಮಾತಿಗೆ ನಗುತ್ತ. ಅವರು ದಾಟಿಹೋಗುವವರೆಗೂ ಅವನು ಫೋನನ್ನು ಕಿವಿಗೆ ಹಿಡಿದೇ ಇದ್ದ, ಒಬ್ಬನೇ ಕೂತಿರುವವನಂತೆ ಕಾಣಬಾರದೆಂದು. ಆಮೇಲೆ ಕೈ ಇಳಿಸಿದಾಗ ಹೊಳೆಯಿತು: ಅಷ್ಟು ಗ್ರಾಂ, ಅಷ್ಟು ಕ್ಯಾಲೊರಿ ಹೇಳಿದ್ದ, ಪ್ರತಿ ಭಾನುವಾರ ಏಳು ತಿಂಗಳಿಂದ ಅವಳು ಕೇಳಿದ್ದಕ್ಕೆಲ್ಲ ಉತ್ತರ ಕೊಟ್ಟಿದ್ದ, ಒಂದು ಸಲವಾದರೂ ನಿನ್ನ ಮೊಣಕೈ ಹೇಗಿದೆ, ನೋವು ಹೋಯಿತಾ ಎಂದು ಕೇಳಿರಲಿಲ್ಲ. ಕೂಡಲೇ ಮತ್ತೆ ಫೋನ್ ಮಾಡಲು ಬೆರಳು ಮುಂದಾಯಿತು. ತಟ್ಟೆಯ ಮುಂದೆ ಕೂತವಳನ್ನು ಎಬ್ಬಿಸಿದ ಹಾಗಾಗುತ್ತದೆ ಎನಿಸಿತು. ಅವಳ ಊಟ ಮುಗಿಯಲಿ ಎಂದು, ಫೋನನ್ನು ಮಡಿಲಲ್ಲಿಟ್ಟುಕೊಂಡು, ಆ ಬಿಸಿಲಿನಲ್ಲಿ ಅವನು ಬೆಂಚಿನ ಮೇಲೆಯೇ ಕಾಯುತ್ತ ಕೂತ.